ಮರದ ಬೇರಿನ ಆಳ: ಥಾಣೆ, ಡೊಂಬಿವಲಿ, ಕಲ್ಯಾಣ, ನವಿಮುಂಬಯಿ

ಮರದ ಬೇರಿನ ಆಳವೆಂದರೆ ನೆಲಮಟ್ಟದಿಂದ ಬೇರು ಕೆಳಗಿಳಿಯುವ ದೂರ. ಇದಕ್ಕೆ ಮರದ ಜಾತಿ ಒಂದು ಮೇಲ್ಮಿತಿ ಹಾಕಿಕೊಡುತ್ತದೆ. ಆ ಮಿತಿಯೊಳಗೆ ಬೇರು ಎಲ್ಲಿ ನಿಲ್ಲಬೇಕೆಂದು ತೀರ್ಮಾನಿಸುವುದು ನೆಲ: ಮಣ್ಣಿನೊಳಗೆ ಗಾಳಿ ಎಲ್ಲಿಯವರೆಗೆ ಹೋಗುತ್ತದೆ, ನೀರು ಎಷ್ಟು ಕೆಳಗೆ ನಿಂತಿದೆ, ಬಂಡೆ ಎಲ್ಲಿ ಸಿಗುತ್ತದೆ, ಮಣ್ಣು ಎಷ್ಟು ಬಿಗಿಯಾಗಿದೆ ಎಂಬುದರ ಮೇಲೆ ಎಲ್ಲವೂ ನಿಂತಿದೆ. ಹೀಗಾಗಿ ಒಂದೇ ಜಾತಿಯ ಮರ ಒಂದು ಕಡೆ ಐದಾರು ಮೀಟರ್ ಇಳಿದು, ಇನ್ನೊಂದು ಕಡೆ ಮೊಣಕಾಲುದ್ದವೂ ಇಳಿಯದೆ ಇರಬಹುದು. ಥಾಣೆ ಖಾಡಿಯ (ಒಳನಾಡಿಗೆ ಚಾಚಿದ ಕಡಲತೋಳಿನ) ದಡಗಳಲ್ಲೂ ಉಲ್ಹಾಸ್ ನದಿಯ ಬದಿಯಲ್ಲೂ ಹಬ್ಬಿರುವ ಈ ನಾಲ್ಕು ನಗರಗಳು ಈ ಮಾತಿಗೆ ಒಳ್ಳೆಯ ನಿದರ್ಶನ. ಲೋಕಲ್ ರೈಲಿನಲ್ಲಿ ಒಂದು ಗಂಟೆಯೊಳಗೆ ಮುಗಿಯುವ ದಾರಿಯಲ್ಲಿ ಕಪ್ಪುಕಲ್ಲಿನ ಬೆಟ್ಟ, ನದಿಯ ಮೆಕ್ಕಲು, ಉಬ್ಬರವಿಳಿತದ ಕೆಸರು, ಮುರಮ್ (ಕೊಳೆತ ಕಲ್ಲಿನ ಪುಡಿ) ತುಂಬಿ ಎತ್ತರಿಸಿದ ಬಡಾವಣೆ, ಕಾಂಕ್ರೀಟ್ ಹಾಸಿದ ರಸ್ತೆ ಎಲ್ಲವೂ ಬರುತ್ತವೆ. ಒಂದೊಂದರಲ್ಲೂ ಬೇರಿನ ಲೆಕ್ಕ ಬೇರೆ.

ಪೈನ್ ಮತ್ತು ಪೈನ್ ಎನಿಸಿಕೊಂಡವು

ಬೇರಿನ ಆಳವನ್ನು ಕುರಿತ ಹಳೆಯ ಅಧ್ಯಯನಗಳಲ್ಲಿ ಬಹಳಷ್ಟು ಯುರೋಪ್ ಮತ್ತು ಅಮೆರಿಕದ ಪೈನ್ ಕಾಡುಗಳಿಂದ ಬಂದವು. ಪೈನ್ ಸಸಿ ಮೊದಲ ವರ್ಷಗಳಲ್ಲಿ ಗಟ್ಟಿಯಾದ ತಾಯಿಬೇರನ್ನು ನೇರ ಕೆಳಗಿಳಿಸುತ್ತದೆ. ಮರ ಬೆಳೆದಂತೆ ಪಕ್ಕಬೇರುಗಳು ಮೇಲ್ಮಣ್ಣಿನಲ್ಲಿ ದೂರ ಹರಡಿ, ಅವುಗಳಿಂದ ಅಲ್ಲಲ್ಲಿ ಇಳಿಬೇರುಗಳು ಕೆಳಗೆ ಹೊರಡುತ್ತವೆ. ಆಳವಾದ ಮರಳುನೆಲದಲ್ಲಿ ಇವು ಕೆಲವು ಮೀಟರ್ ಇಳಿಯುತ್ತವೆ. ಬಂಡೆ ಮೇಲೆಯೇ ಇದ್ದಲ್ಲಿ ಅಥವಾ ನೀರು ನಿಲ್ಲುವ ನೆಲದಲ್ಲಿ ಇಡೀ ಬೇರುಸಮೂಹ ಒಂದು ಮೀಟರಿಗಿಂತ ತೆಳುವಾಗಿ ಹರಡಿ ಉಳಿಯುತ್ತದೆ. ಜಗತ್ತಿನ ನಾನಾ ಕಡೆಯ ದಾಖಲೆಗಳನ್ನು ಒಟ್ಟುಗೂಡಿಸಿ 1996ರಲ್ಲಿ ಪ್ರಕಟವಾದ ಕನಡೆಲ್ ಮತ್ತು ಸಂಗಡಿಗರ ಸಮೀಕ್ಷೆಯ ಪ್ರಕಾರ ಸಮಶೀತೋಷ್ಣ ವಲಯದ ಶಂಕುಮರಗಳ ಕಾಡಿನಲ್ಲಿ ಗರಿಷ್ಠ ಬೇರಿನ ಆಳದ ಸರಾಸರಿ 3.9 ಮೀಟರ್. ಉಷ್ಣವಲಯದ ಎಲೆಯುದುರುವ ಕಾಡಿನಲ್ಲಿ, ಅಂದರೆ ಥಾಣೆಯ ಬೆಟ್ಟಗಳ ಬಗೆಯ ಕಾಡಿನಲ್ಲಿ, 3.7 ಮೀಟರ್. ಮರದ ಸ್ವರೂಪ ಇಷ್ಟು ಬೇರೆಯಾದರೂ ಸಂಖ್ಯೆ ಹೆಚ್ಚುಕಡಿಮೆ ಒಂದೇ.

ಭಾರತದಲ್ಲಿ ಸಹಜವಾಗಿ ಬೆಳೆಯುವ ಪೈನ್‌ಗಳು ಹಿಮಾಲಯದಲ್ಲೂ ಈಶಾನ್ಯದ ಬೆಟ್ಟಗಳಲ್ಲೂ ಇವೆ. ಹಿಮಾಲಯದ ಕೆಳ ಇಳಿಜಾರುಗಳಲ್ಲಿ ಚೀಡ್, ಮೇಘಾಲಯದಲ್ಲಿ ಖಾಸಿ ಪೈನ್. ದಕ್ಷಿಣದ ಪರ್ಯಾಯದ್ವೀಪಕ್ಕೆ ಸ್ವಂತ ಪೈನ್ ಇಲ್ಲ. ಪಶ್ಚಿಮ ಘಟ್ಟದಲ್ಲಿ ಸಹಜವಾಗಿ ಬೆಳೆಯುವ ಶಂಕುಮರ ನಾಗೇಯ ವಲ್ಲಿಚಿಯಾನ ಒಂದೇ, ಅದೂ ದಕ್ಷಿಣದ ಮಳೆಕಾಡಿನಲ್ಲಿ. ಕೊಡೈಕಾನಲ್‌ನ ಪ್ರಸಿದ್ಧ ಪೈನ್ ತೋಪು ನೆಟ್ಟು ಬೆಳೆಸಿದ್ದು. ಥಾಣೆ, ಡೊಂಬಿವಲಿಯ ನರ್ಸರಿಗಳಲ್ಲಿ ಡಿಸೆಂಬರ್ ಹೊತ್ತಿಗೆ ಕ್ರಿಸ್‌ಮಸ್ ಟ್ರೀ ಎಂದು ಕುಂಡದಲ್ಲಿ ಮಾರಾಟಕ್ಕೆ ಬರುವುದು ಅರೌಕೇರಿಯಾ. ಅದು ಶಾಂತ ಸಾಗರದ ದ್ವೀಪಗಳ ಮರ. ಪೈನ್ ಕುಲಕ್ಕೆ ದೂರದ ನೆಂಟ. ಅರೌಕೇರಿಯಾ ಕುಲದ ಕುಕ್ ಪೈನ್ ಎಂಬ ಮರಕ್ಕೆ ಒಂದು ವಿಚಿತ್ರ ಗುಣವಿದೆ. ಐದು ಖಂಡಗಳ 256 ಮರಗಳನ್ನು ಅಳೆದು 2017ರಲ್ಲಿ ಪ್ರಕಟಿಸಿದ ವರದಿಯ ಪ್ರಕಾರ ಅವು ಸರಾಸರಿ 8.55 ಡಿಗ್ರಿ ಸಮಭಾಜಕವೃತ್ತದ ಕಡೆಗೆ ವಾಲಿಕೊಂಡಿರುತ್ತವೆ. ಸೊಸೈಟಿಯ ಅಂಗಳದಲ್ಲಿ ಅಂಥ ಮರ ದಕ್ಷಿಣಕ್ಕೆ ಓರೆಯಾಗಿದ್ದರೆ ಬೇರು ಸಡಿಲವಾಯಿತೆಂದು ತಕ್ಷಣ ಕೊಡಲಿ ಎತ್ತಬೇಕಾಗಿಲ್ಲ.

ಪೈನ್‌ನಂತೆ ಕಾಣುವ ಇನ್ನೊಂದು ಮರ ಗಾಳಿಮರ, ಅಂದರೆ ಸರ್ವೆ, ಮರಾಠಿಯವರ ಸುರು. ಸೂಜಿಯಂತೆ ಕಾಣುವುದು ಅದರ ಎಲೆಯಲ್ಲ, ಸಣ್ಣ ರೆಂಬೆ. ಇದು ಹೂ ಬಿಡುವ ಮರ, ಶಂಕುಮರವಲ್ಲ. ಭಾರತದಲ್ಲಿ ಇದರ ಮೊದಲ ನೆಡುತೋಪು 1868ರಲ್ಲಿ ಕಾರವಾರದ ಕಡಲತಡಿಯಲ್ಲಿ ಎದ್ದಿತು. ಉರುವಲಿಗೂ ಮರಳು ಕಟ್ಟಲಿಕ್ಕೂ ಕರಾವಳಿಯುದ್ದಕ್ಕೂ ಹಬ್ಬಿತು. ಸಡಿಲ ಮರಳಿನಲ್ಲಿ ಇದರ ಬೇರು ನೀರಿನ ಮಟ್ಟ ಸಿಗುವವರೆಗೆ ಇಳಿಯುತ್ತದೆ. ಬೇರಿನ ಗಂಟುಗಳಲ್ಲಿ ಫ್ರಾಂಕಿಯಾ ಎಂಬ ಸೂಕ್ಷ್ಮಜೀವಿ ಗಾಳಿಯ ಸಾರಜನಕವನ್ನು ಹಿಡಿದುಕೊಡುವುದರಿಂದ ಬಡ ಮರಳು ಅದಕ್ಕೆ ಸಾಕು. ಅದೇ ಮರವನ್ನು ಖಾಡಿ ಬದಿಯ ಜೇಡಿಯಲ್ಲಿ ನೆಟ್ಟರೆ ಆಳದ ಆಸೆ ಬಿಡಬೇಕು.

ಆಳದ ದಾಖಲೆಗಳು, ಆಳದ ಮಿತಿಗಳು

ದಾಖಲೆಗಳು ಬೆರಗು ಹುಟ್ಟಿಸುವಂಥವು. ದಕ್ಷಿಣ ಆಫ್ರಿಕದ ಎಕೋ ಗುಹೆಗಳ ಬಳಿಯ ಕಾಡು ಅತ್ತಿಯೊಂದರ ಬೇರು ಸುಮಾರು 120 ಮೀಟರ್ ಇಳಿದಿತ್ತೆಂದು ಹೇಳಲಾಗಿದೆ. ಕಲಹಾರಿ ಮರುಭೂಮಿಯಲ್ಲಿ ಬೋರ್‌ವೆಲ್ ಕೊರೆಯುವಾಗ ಬೋಸಿಯಾ ಮರದ ಬೇರು 68 ಮೀಟರ್ ಆಳದಲ್ಲಿ ಸಿಕ್ಕಿತು. ಅಮೆರಿಕದ ಅರಿಜೋನಾದಲ್ಲಿ ತೆರೆದ ಗಣಿಯೊಂದರಲ್ಲಿ ಮೆಸ್ಕೀಟ್, ಅಂದರೆ ನಮ್ಮ ಬಳ್ಳಾರಿ ಜಾಲಿಯ ಬಳಗದ ಮರ, 53 ಮೀಟರ್ ಕೆಳಗೆ ಕಂಡಿತು. ಇವೆಲ್ಲ ಒಣನೆಲದ ಸುದ್ದಿ, ಅಪರೂಪದ ಸುದ್ದಿ. ಮಳೆ ಧಾರಾಳವಾಗಿರುವ ಕಡೆ ಮರ ಅಷ್ಟು ಶ್ರಮ ಪಡುವುದಿಲ್ಲ. ಇಡೀ ಭೂಮಿಯ ಸಸ್ಯಗಳನ್ನು ಲೆಕ್ಕ ಹಾಕಿದ ಜ್ಯಾಕ್ಸನ್ ಮತ್ತು ಸಂಗಡಿಗರ 1996ರ ಅಂದಾಜಿನಂತೆ ಬೇರಿನ ಒಟ್ಟು ತೂಕದ ಮುಕ್ಕಾಲು ಪಾಲು ಮಣ್ಣಿನ ಮೇಲ್ಪದರದ 40 ಸೆಂಟಿಮೀಟರಿನಲ್ಲೇ ಇರುತ್ತದೆ.

ಮೇಲ್ಪದರದಲ್ಲೇ ಬೇರು ದಟ್ಟೈಸುವುದಕ್ಕೆ ಕಾರಣ ಗಾಳಿ. ಬೇರು ಜೀವಂತ ಅಂಗಾಂಶ; ಅದು ಉಸಿರಾಡಬೇಕು. ಮಣ್ಣಿನ ಕಣಗಳ ನಡುವಿನ ಸಂದುಗಳಲ್ಲಿ ಗಾಳಿ ಇರುವಷ್ಟು ದೂರ ಮಾತ್ರ ಅದು ಬೆಳೆಯುತ್ತದೆ. ಆ ಸಂದುಗಳಲ್ಲಿ ನೀರು ತುಂಬಿ ನಿಂತರೆ, ಅಥವಾ ರೋಲರ್ ಓಡಿ ಸಂದುಗಳೇ ಮುಚ್ಚಿಹೋದರೆ ಬೇರಿನ ತುದಿ ನಿಲ್ಲುತ್ತದೆ, ಇಲ್ಲವೇ ಕೊಳೆಯುತ್ತದೆ. ಎರಡನೆಯ ಕಾರಣ ಮಣ್ಣಿನ ಗಡಸುತನ. ಸುಮಾರು 2 ಮೆಗಾಪಾಸ್ಕಲ್‌ಗಿಂತ ಹೆಚ್ಚು ಒತ್ತಡ ಬೇಕಾಗುವಷ್ಟು ಗಟ್ಟಿಯಾದ ಮಣ್ಣನ್ನು ಬಹುತೇಕ ಬೇರುಗಳು ತೂರಲಾರವು. ಆಗ ಅವು ತಿರುಗಿ, ಬಿರುಕನ್ನೋ ಹಳೆಯ ಬೇರು ಕೊಳೆತು ಬಿಟ್ಟ ದಾರಿಯನ್ನೋ ಹುಡುಕುತ್ತವೆ. ಬೇರು ನೀರಿನ ವಾಸನೆ ಹಿಡಿದು ಹೋಗುತ್ತದೆ ಎಂಬ ಜನಪ್ರಿಯ ನಂಬಿಕೆ ಅರ್ಧ ಸತ್ಯ. ತೇವ ಸಿಕ್ಕಿದ ಕಡೆ ಅದು ಹೆಚ್ಚು ಕವಲೊಡೆಯುತ್ತದೆ, ಒಣ ಕಡೆಗೆ ಹೋದ ತುದಿ ಸೊರಗುತ್ತದೆ. ಕೊನೆಗೆ ನೋಡುವವರಿಗೆ ಬೇರು ನೀರನ್ನೇ ಅರಸಿ ಬಂದಂತೆ ಕಾಣುತ್ತದೆ.

ನೆಲವೂ ಮರವೂ ಅನುಕೂಲವಾದರೆ ಬೇರು ಎಷ್ಟು ಚುರುಕಾಗಿ ಇಳಿಯಬಲ್ಲದೆಂಬುದಕ್ಕೆ ಕರ್ನಾಟಕದ್ದೇ ಉದಾಹರಣೆಯಿದೆ. ಬೆಂಗಳೂರಿನ ಹತ್ತಿರದ ಹೊಸಕೋಟೆಯಲ್ಲಿ ಇಯನ್ ಕಾಲ್ಡರ್ ಮತ್ತು ಸಂಗಡಿಗರು 1990ರ ದಶಕದಲ್ಲಿ ನಡೆಸಿದ ಅಧ್ಯಯನದಲ್ಲಿ, ಎಳೆಯ ನೀಲಗಿರಿ ಮರಗಳ ಬೇರು ಆಳದ ಕೆಂಪುಮಣ್ಣಿನಲ್ಲಿ ವರ್ಷಕ್ಕೆ ಎರಡೂವರೆ ಮೀಟರಿಗೂ ಹೆಚ್ಚು ಇಳಿದದ್ದು ಕಂಡುಬಂತು. ಆ ವರ್ಷ ಬಿದ್ದ ಮಳೆಗಿಂತ ಹೆಚ್ಚು ನೀರನ್ನು ಮರ ಹೀರಿದ್ದರ ಗುಟ್ಟು ಅದು: ಹಿಂದಿನ ವರ್ಷಗಳಲ್ಲಿ ಆಳದ ಮಣ್ಣು ಉಳಿಸಿಕೊಂಡಿದ್ದ ತೇವ. ಕೋಲಾರದ ಕಡೆಯ ರೈತರು ದಶಕಗಳಿಂದ ಹೇಳುತ್ತಿದ್ದ ದೂರಿಗೆ ಸಿಕ್ಕ ಲೆಕ್ಕ ಇದು. ಕರ್ನಾಟಕ ಸರ್ಕಾರ 2017ರಲ್ಲಿ ಹೊಸದಾಗಿ ನೀಲಗಿರಿ ನೆಡುವುದನ್ನು ನಿಷೇಧಿಸಿತು.

ಬೆಟ್ಟದ ಮರಗಳು: ಯೇವೂರ್, ಪಾರ್ಸಿಕ್

ಥಾಣೆಯ ಪಶ್ಚಿಮಕ್ಕೆ ಯೇವೂರ್ ಬೆಟ್ಟ, ಖಾಡಿಯಾಚೆ ಮುಂಬ್ರಾ ಮತ್ತು ಪಾರ್ಸಿಕ್ ಸಾಲು. ಎರಡೂ ದಖ್ಖನ್ನಿನ ಲಾವಾ ಬಂಡೆ, ಸುಮಾರು 6.6 ಕೋಟಿ ವರ್ಷಗಳ ಹಿಂದೆ ಪದರ ಪದರವಾಗಿ ಹರಿದು ಹೆಪ್ಪುಗಟ್ಟಿದ ಬಸಾಲ್ಟ್. ಇಳಿಜಾರಿನಲ್ಲಿ ಮಣ್ಣು ತೆಳು. ಅದರ ಕೆಳಗೆ ಕೊಳೆತು ಪುಡಿಯಾದ ಮುರಮ್, ಅದರ ಕೆಳಗೆ ಬಿರುಕು ಬಿಟ್ಟ ಕಲ್ಲು, ಆಮೇಲೆ ಗಟ್ಟಿ ಬಂಡೆ. ಬಸಾಲ್ಟ್ ಕೊಳೆಯುವಾಗ ಈರುಳ್ಳಿಯಂತೆ ಸಿಪ್ಪೆ ಸಿಪ್ಪೆಯಾಗಿ ಬಿಡುತ್ತದೆ. ಸಣ್ಣ ಬೇರುಗಳು ನುಗ್ಗುವುದು ಆ ಸಿಪ್ಪೆಗಳ ನಡುವೆ. ಥಾಣೆಯವರೆಗೆ 1853ರ ಏಪ್ರಿಲ್ 16ರಂದು ಬಂದ ರೈಲು ಮರುವರ್ಷ ಕಲ್ಯಾಣ ತಲುಪಿತು. ಅದಕ್ಕಾಗಿ ಬೆಟ್ಟ ಸೀಳಿದ ಕಡೆಗಳಲ್ಲೂ ಬಳಿಕ ತೆರೆದ ಕಲ್ಲುಗಣಿಗಳಲ್ಲೂ ನೆಲದ ಅಡ್ಡಸೀಳು ಬಯಲಾಗಿದೆ. ಮುಂಬ್ರಾ ದಾಟುವಾಗ ಕಿಟಕಿಯಿಂದ ನೋಡಿದರೆ ಸಾಕು: ಮೇಲೆ ಗೇಣುದ್ದ ಮಣ್ಣಿನಲ್ಲಿ ಬೇರಿನ ದಟ್ಟ ಜಾಲ, ಕೆಳಗೆ ಬಂಡೆಯ ಸೀಳುಗಳಲ್ಲಿ ಮಾತ್ರ ಹಗ್ಗದಂಥ ಒಂದೆರಡು ಬೇರು. ಪುಸ್ತಕದ ಚಿತ್ರಕ್ಕಿಂತ ಇದು ಸ್ಪಷ್ಟ.

ಸಾಗುವಾನಿ, ಮತ್ತಿ, ಕಗ್ಗಲಿ, ಮುತ್ತುಗ ಈ ತೆಳುಮಣ್ಣಿನ ಮರಗಳು. ಥಾಣೆ ಸುತ್ತ ವರ್ಷಕ್ಕೆ ಸುಮಾರು 2,500 ಮಿಲಿಮೀಟರ್ ಮಳೆ ಬೀಳುತ್ತದೆ. ಆದರೆ ಹೆಚ್ಚೂಕಡಿಮೆ ಎಲ್ಲವೂ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ. ಬಸಾಲ್ಟ್ ಈ ನೀರನ್ನು ಹೆಚ್ಚು ಹಿಡಿದಿಡುವುದಿಲ್ಲ. ಫೆಬ್ರವರಿ, ಮಾರ್ಚ್ ಹೊತ್ತಿಗೆ ಬೆಟ್ಟ ಬೋಳಾಗುವುದು ಅದಕ್ಕೇ: ಕುಡಿಯಲು ನೀರಿಲ್ಲದಾಗ ಮರ ಎಲೆ ಉದುರಿಸಿ ಖರ್ಚು ಉಳಿಸುತ್ತದೆ. ಅದೇ ಬೆಟ್ಟದ ತೊರೆಗಳ ಇಕ್ಕೆಲದಲ್ಲಿ ನೇರಳೆ, ಮಾವು, ಅತ್ತಿ ಮೇ ತಿಂಗಳಲ್ಲೂ ಹಸಿರಾಗಿರುತ್ತವೆ. ಅವುಗಳ ಬೇರಿಗೆ ತೇವವಿರುವ ಬಿರುಕು ಸಿಕ್ಕಿದೆ ಎಂದೇ ಅರ್ಥ. ಬೇಸಿಗೆಯಲ್ಲಿ ಯೇವೂರಿನ ಹಸಿರು ಕಲೆಗಳನ್ನು ಗುರುತು ಹಾಕಿದರೆ ಬೆಟ್ಟದೊಳಗಿನ ನೀರಿನ ನಕ್ಷೆಯೇ ಅರ್ಧ ತಯಾರಾದಂತೆ.

ಆಳದ ಬೇರು ಎಲೆಯುದುರುವ ಕಾಡಿಗೆ ಎಷ್ಟು ಮುಖ್ಯವೆಂದು ಬಂಡೀಪುರದ ಮೂಲೆಹೊಳೆ ಜಲಾನಯನದಲ್ಲಿ ಭಾರತೀಯ ಮತ್ತು ಫ್ರೆಂಚ್ ವಿಜ್ಞಾನಿಗಳು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯೊಂದಿಗೆ ನಡೆಸಿದ ದೀರ್ಘ ಅಧ್ಯಯನ ತೋರಿಸಿದೆ. ಅಲ್ಲಿನ ಮರಗಳು ಮಳೆ ಕಡಿಮೆಯಾದ ವರ್ಷಗಳಲ್ಲಿ ಮೇಲ್ಮಣ್ಣನ್ನು ದಾಟಿ, ಕೊಳೆತ ಕಲ್ಲಿನ ಆಳದ ಪದರದಲ್ಲಿ ಸಂಗ್ರಹವಾದ ತೇವವನ್ನು ಎಳೆದುಕೊಳ್ಳುತ್ತವೆ. ಮುಂದೆ ಒಳ್ಳೆಯ ಮಳೆ ಬಂದಾಗ ಆ ಪದರ ಮೊದಲು ತುಂಬಬೇಕು, ಆಮೇಲೆ ಅಂತರ್ಜಲಕ್ಕೆ ಪಾಲು. ಆದರೆ ಅಲ್ಲಿನ ಬುಡ ನೈಸ್ ಶಿಲೆ, ಕೊಳೆತ ಪದರ ದಪ್ಪ. ಥಾಣೆಯ ಬಸಾಲ್ಟ್ ಇಳಿಜಾರಿಗೆ ಆ ಸಂಖ್ಯೆಗಳನ್ನು ಹಾಗೆಯೇ ಹೊಂದಿಸುವಂತಿಲ್ಲ.

ಥಾಣೆ ಮತ್ತು ಬೋರಿವಲಿಯ ನಡುವೆ ಸಂಜಯ್ ಗಾಂಧಿ ರಾಷ್ಟ್ರೀಯ ಉದ್ಯಾನದ ಕೆಳಗೆ ಸುಮಾರು 11.8 ಕಿಲೋಮೀಟರ್ ಉದ್ದದ ಜೋಡಿ ರಸ್ತೆಯ ಯೋಜನೆ ನಡೆದಿದೆ. ಅದರ ಬಹುಭಾಗ ಸುರಂಗ. ಬೇರು ಕಡಿದುಹೋಗುತ್ತದೆಯೇ ಎಂಬ ಪ್ರಶ್ನೆಯನ್ನು ಹಲವರು ಎತ್ತಿದ್ದಾರೆ. ಕಾಡಿನ ಬೇರು ಇಳಿಯುವ ಆಳಕ್ಕಿಂತ ಸುರಂಗ ಬಹಳ ಕೆಳಗೆ ಸಾಗುವುದರಿಂದ ನೇರ ಪೆಟ್ಟು ಬೀಳುವುದು ಬಾಯಿ ತೆರೆಯುವ ಎರಡು ತುದಿಗಳಲ್ಲಿ. ಕೇಳಬೇಕಾದ ಪ್ರಶ್ನೆ ಬಿರುಕುಗಳಲ್ಲಿನ ನೀರಿನದು: ಸುರಂಗದೊಳಗೆ ಅದು ಬಸಿದುಹೋದರೆ ಬೇಸಿಗೆಯ ಹಸಿರು ಕಲೆಗಳು ಉಳಿಯುತ್ತವೆಯೇ ಎಂಬುದು.

ನದಿಯ ಮೆಕ್ಕಲು

ಕಲ್ಯಾಣದ ಸುತ್ತ ಉಲ್ಹಾಸ್ ನದಿ ತಂದು ಹಾಕಿದ ಮೆಕ್ಕಲು ಪಟ್ಟಿಗಳಿವೆ. ಈ ನಾಲ್ಕು ನಗರಗಳಲ್ಲಿ ಮರಕ್ಕೆ ಅತ್ಯಂತ ಅನುಕೂಲವಾದ ನೆಲ ಇದೇ: ಆಳವಿದೆ, ಸಡಿಲವಾಗಿದೆ, ಬೇಸಿಗೆಯಲ್ಲೂ ತೇವ ತೀರಾ ಕೆಳಗಿಲ್ಲ. ಹಳೆಯ ಮಾವು, ಹುಣಸೆ ಮರಗಳು ಇಲ್ಲಿ ತಾಯಿಬೇರನ್ನು ಸರಿಯಾಗಿ ಇಳಿಸಿಕೊಂಡಿವೆ. ನೀರಿನ ಮಟ್ಟ ಮಳೆಗಾಲದಲ್ಲಿ ನೆಲದ ಹತ್ತಿರಕ್ಕೆ ಏರಿ ಬೇಸಿಗೆಯಲ್ಲಿ ಕುಸಿಯುವುದರಿಂದ ಆಳದ ಬೇರುಗಳು ವರ್ಷಕ್ಕೆ ಕೆಲವು ತಿಂಗಳು ಮಾತ್ರ ಚುರುಕು. ಕಟ್ಟಡಗಳು ಬಂದ ಮೇಲೆ ಈ ನೆಲದ ಬಹುಪಾಲು ಸಿಮೆಂಟಿನ ಕೆಳಗೆ ಹೋಯಿತು.

ಖಾಡಿಯ ಕಾಡು

ಥಾಣೆ ಖಾಡಿ ಸುಮಾರು 26 ಕಿಲೋಮೀಟರ್ ಉದ್ದ. ಇದರ ಅಂಚಿನ ಮರಗಳಿಗೆ ಆಳ ಎಂಬುದೇ ಶತ್ರು. ಉಬ್ಬರದಲ್ಲಿ ಮುಳುಗಿ ಇಳಿತದಲ್ಲಿ ತೆರೆದುಕೊಳ್ಳುವ ಕೆಸರಿನಲ್ಲಿ ಮೇಲಿನ ತೆಳು ಪದರ ಬಿಟ್ಟರೆ ಆಮ್ಲಜನಕವೇ ಇಲ್ಲ. ಕೋಲು ಹಾಕಿ ಕದಡಿದರೆ ಕಪ್ಪು ಮಣ್ಣು, ಕೊಳೆತ ಮೊಟ್ಟೆಯ ನಾತ. ಅದು ಗಾಳಿಯಿಲ್ಲದೆ ಬದುಕುವ ಸೂಕ್ಷ್ಮಜೀವಿಗಳು ಹುಟ್ಟಿಸುವ ಗಂಧಕದ ಅನಿಲ. ಇಂಥ ಕಡೆ ತಾಯಿಬೇರು ಇಳಿಸುವ ಮರ ಉಳಿಯದು.

ಇಲ್ಲಿ ಮೆರೆಯುವುದು ಅವಿಸೆನಿಯಾ ಮರೀನ, ಮರಾಠಿಯವರ ತಿವರ, ನಮ್ಮ ಕರಾವಳಿಯ ಉಪ್ಪಟ್ಟಿಯ ಬಳಗ. ಇದಕ್ಕೆ ಗಟ್ಟಿ ತಾಯಿಬೇರಿಲ್ಲ. ಬುಡದಿಂದ ಹಗ್ಗದಂಥ ಬೇರುಗಳು ಎಲ್ಲ ದಿಕ್ಕಿಗೆ, ಕೆಸರಿನ ಮೇಲ್ಮೈಯಿಂದ ಸುಮಾರು 20ರಿಂದ 50 ಸೆಂಟಿಮೀಟರ್ ಕೆಳಗೆ, ಮಟ್ಟವಾಗಿ ಹರಿಯುತ್ತವೆ. ಅವುಗಳಿಂದ ಕೆಳಗೆ ಸಣ್ಣ ಆಧಾರಬೇರುಗಳು, ಮೇಲಕ್ಕೆ ಪೆನ್ಸಿಲ್ ಗಾತ್ರದ ಉಸಿರುಬೇರುಗಳು. ಗುರುತ್ವಕ್ಕೆ ಬೆನ್ನು ತಿರುಗಿಸಿ ಆಕಾಶದ ಕಡೆ ಬೆಳೆಯುವ ಬೇರು ಇದು. ಅದರ ತೊಗಟೆಯ ರಂಧ್ರಗಳ ಮೂಲಕ ಇಳಿತದ ಹೊತ್ತಿನಲ್ಲಿ ಗಾಳಿ ಒಳಹೊಕ್ಕು, ಸ್ಪಂಜಿನಂಥ ಅಂಗಾಂಶದಲ್ಲಿ ಸಾಗಿ ಕೆಸರಿನೊಳಗಿನ ಬೇರಿಗೆ ತಲುಪುತ್ತದೆ. ಎರಡು ಮೂರು ಮೀಟರ್ ಎತ್ತರದ ಒಂದೇ ಮರಕ್ಕೆ ಇಂಥ ಉಸಿರುಬೇರು 10,000ಕ್ಕೂ ಹೆಚ್ಚು ಇರುವುದುಂಟು. ಐರೋಲಿಯ ಕರಾವಳಿ ಮತ್ತು ಸಾಗರ ಜೀವವೈವಿಧ್ಯ ಕೇಂದ್ರದಲ್ಲಿ ಮರದ ಹಲಗೆ ದಾರಿಯ ಮೇಲೆ ನಿಂತು ಇಳಿತದ ಹೊತ್ತಿನಲ್ಲಿ ನೋಡಿದರೆ ಕೆಸರಿನ ತುಂಬ ಅವು ಚುಚ್ಚಿ ನಿಂತಿರುವುದು ಕಾಣುತ್ತದೆ. ಉತ್ತರ ಕನ್ನಡ, ಉಡುಪಿಯ ಅಳಿವೆಗಳಲ್ಲಿ ಹೆಚ್ಚಾಗಿ ಕಾಣುವ ಕಾಂಡ್ಲಾ ಜಾತಿ ಬೇರೆ ಉಪಾಯ ಮಾಡಿದೆ: ಕಾಂಡದಿಂದ ಕಮಾನಿನಂತೆ ಇಳಿಯುವ ಊರುಬೇರು. ಥಾಣೆ ಖಾಡಿಯ ಒಳಭಾಗದಲ್ಲಿ ಅದು ಕಡಿಮೆ.

ಇಷ್ಟು ತೆಳುವಾಗಿ ಬೇರೂರಿದ ಮರ ಅಲೆ, ಗಾಳಿಗೆ ಉರುಳದಿರುವುದಕ್ಕೆ ಕಾರಣ ಬೇರಿನ ವಿಸ್ತಾರ ಮತ್ತು ಹೆಣಿಗೆ. ಪಕ್ಕದ ಮರಗಳ ಹಗ್ಗಬೇರುಗಳು ಒಂದರ ಮೇಲೊಂದು ಹಾದು ಕೆಸರನ್ನೇ ಚಾಪೆಯಾಗಿಸುತ್ತವೆ. ಅದರಲ್ಲಿ ಹೂಳು ಸಿಕ್ಕಿ ನೆಲ ಮೇಲೇಳುತ್ತದೆ. ಈ ಮರವನ್ನು ಕೊಲ್ಲಲು ಕೊಡಲಿ ಬೇಕಿಲ್ಲ. ಉಸಿರುಬೇರು ಮುಚ್ಚುವಷ್ಟು ಡೆಬ್ರಿಸ್ ಸುರಿದರೆ, ಅಥವಾ ಬಾಂದು ಕಟ್ಟಿ ನೀರನ್ನು ನಿರಂತರ ನಿಲ್ಲಿಸಿದರೆ, ಕಾಡು ನಿಂತಲ್ಲೇ ಒಣಗುತ್ತದೆ. ಈ ಊರುಗಳ ಖಾಡಿ ಅಂಚಿನಲ್ಲಿ ರಾತ್ರಿ ಹೊತ್ತು ಡಂಪರ್ ಬಂದು ಹೋಗುವುದರ ಪರಿಣಾಮ ವರ್ಷದೊಳಗೆ ಬೂದು ಬಣ್ಣದ ಪಟ್ಟಿಯಾಗಿ ಕಾಣಿಸುತ್ತದೆ. ಕಾನೂನು ಕಠಿಣವಾಗಿಯೇ ಇದೆ. ಬೊಂಬಾಯಿ ಹೈಕೋರ್ಟ್ 2005ರಲ್ಲಿ ತಾತ್ಕಾಲಿಕ ಆದೇಶವನ್ನೂ 2018ರ ಸೆಪ್ಟೆಂಬರಿನಲ್ಲಿ ಅಂತಿಮ ತೀರ್ಪನ್ನೂ ಕೊಟ್ಟು ರಾಜ್ಯದುದ್ದಕ್ಕೂ ಮ್ಯಾಂಗ್ರೋವ್, ಅಂದರೆ ಇಂಥ ಉಬ್ಬರವಿಳಿತದ ಕಾಡಿನ, ನಾಶವನ್ನು ತಡೆಹಿಡಿದಿದೆ. ಅರಣ್ಯ ಇಲಾಖೆಯ ಮ್ಯಾಂಗ್ರೋವ್ ಘಟಕ 2012ರಲ್ಲಿ ಹುಟ್ಟಿತು. ಥಾಣೆ ಖಾಡಿಯ ಸುಮಾರು 17 ಚದರ ಕಿಲೋಮೀಟರ್ 2015ರಲ್ಲಿ ಫ್ಲೆಮಿಂಗೊ ಅಭಯಾರಣ್ಯವಾಯಿತು, 2022ರಲ್ಲಿ ಖಾಡಿ ಅಂತರರಾಷ್ಟ್ರೀಯ ಮಹತ್ವದ ಜೌಗುಗಳ ರಾಮ್ಸರ್ ಪಟ್ಟಿಗೆ ಸೇರಿತು. ಬೇರಿನ ಮೇಲೆ ಸುರಿದ ಮಣ್ಣನ್ನು ಸಕಾಲದಲ್ಲಿ ತೆಗೆಯುವ ಸಣ್ಣ ಕೆಲಸ ಮಾತ್ರ ಈ ದೊಡ್ಡ ಹೆಸರುಗಳಷ್ಟು ವೇಗವಾಗಿ ನಡೆಯುವುದಿಲ್ಲ.

ತುಂಬಿದ ನೆಲ

ನಗರ ಕಟ್ಟುವ ಸರ್ಕಾರಿ ನಿಗಮ ಸಿಡ್ಕೊ 1970ರಲ್ಲಿ ಸ್ಥಾಪನೆಯಾದ ಮೇಲೆ ನವಿಮುಂಬಯಿಯ ಎಷ್ಟೋ ನೋಡ್‌ಗಳು (ಬಡಾವಣೆಗಳು) ಗದ್ದೆ, ಉಪ್ಪಿನಾಗರ, ಜೌಗುಗಳನ್ನು ಬೆಟ್ಟದ ಮುರಮ್ಮಿನಿಂದ ತುಂಬಿ ಎತ್ತರಿಸಿದ ಜಾಗದಲ್ಲಿ ಎದ್ದವು. ಕೆಳಗೆ ಮೆತ್ತನೆಯ ಸಮುದ್ರಜೇಡಿ, ಮೇಲೆ ರೋಲರ್ ಓಡಿಸಿ ಬಿಗಿಮಾಡಿದ ಮುರಮ್. ಮರದ ದೃಷ್ಟಿಯಿಂದ ಇದು ಎರಡೂ ಕಡೆ ಕಟ್ಟಿದ ಕೋಣೆ. ಮೇಲಿನ ಪದರ ತೂರಲಾಗದಷ್ಟು ಗಟ್ಟಿ. ಕೆಳಗಿನದರಲ್ಲಿ ಉಪ್ಪುನೀರು, ಗಾಳಿಯಿಲ್ಲ. ಬೇರು ನಡುವೆ ಸಿಕ್ಕಷ್ಟು ತೆಳು ಜಾಗದಲ್ಲಿ ಅಡ್ಡ ಹರಡುತ್ತದೆ. ಡಚ್ಚರ ಮಾದರಿಯಲ್ಲಿ ಕಟ್ಟಿದ ಹೋಲ್ಡಿಂಗ್ ಪಾಂಡ್‌ಗಳು ಉಬ್ಬರದ ಹೊತ್ತಿನಲ್ಲಿ ಮಳೆನೀರನ್ನು ತಡೆದಿಟ್ಟು ಇಳಿತದಲ್ಲಿ ಹೊರಬಿಡುತ್ತವೆ. ಅವುಗಳಲ್ಲಿ ಹೂಳು ತುಂಬಿದಷ್ಟೂ ಸುತ್ತಲಿನ ಸೆಕ್ಟರ್‌ಗಳಲ್ಲಿ ನೀರು ಮೇಲೆ ನಿಲ್ಲುತ್ತದೆ, ಬೇರಿನ ಕೋಣೆ ಇನ್ನಷ್ಟು ಗಿಡ್ಡವಾಗುತ್ತದೆ.

ಆದರೂ ವಾಶಿ, ನೆರೂಳ್, ಬೇಲಾಪುರದ ಹಳೆಯ ಸೆಕ್ಟರ್‌ಗಳಲ್ಲಿ ಮಳೆಮರ, ಸೋನ್‌ಮೊಹರ್, ಬಾದಾಮಿ ಚೆನ್ನಾಗಿಯೇ ಬೆಳೆದಿವೆ. ಅಲ್ಲಿ ರಸ್ತೆ ಬದಿಗೆ ಅಗಲವಾದ ಮಣ್ಣಿನ ಪಟ್ಟಿ ಬಿಟ್ಟಿದ್ದರು. ಆಳ ಇಲ್ಲದಿದ್ದರೂ ಅಗಲ ಸಿಕ್ಕಿತು. ಹೊಸ ನೋಡ್‌ಗಳಲ್ಲಿ ಎತ್ತರ ಕಟ್ಟಡದ ಪೋಡಿಯಮ್ ಮೇಲೆ, ಸ್ಲ್ಯಾಬಿನ ಮೇಲಿನ ಮೂರ್ನಾಲ್ಕು ಅಡಿ ಮಣ್ಣಿನಲ್ಲಿ ಮರ ನೆಡುವ ರೂಢಿ ಬಂದಿದೆ. ಅದನ್ನು ದೊಡ್ಡ ಕುಂಡ ಎಂದು ತಿಳಿದು, ಅದಕ್ಕೆ ತಕ್ಕ ಸಣ್ಣ ಮರ ಆರಿಸಿದರೆ ತೊಂದರೆಯಿಲ್ಲ. ಬ್ರೋಷರಿನಲ್ಲಿ ಕಾಡು ಎಂದು ಬರೆದು ಆಲ ನೆಟ್ಟರೆ ತೊಂದರೆ.

ರಸ್ತೆಬದಿಯ ಮರ

ಮಳೆಗಾಲದ ಮೊದಲ ಗಾಳಿಗೆ ಥಾಣೆಯ ಘೋಡ್‌ಬಂದರ್ ರಸ್ತೆಯಲ್ಲೋ ಡೊಂಬಿವಲಿ ಪೂರ್ವದ ಗಲ್ಲಿಯಲ್ಲೋ ನಿಂತ ರಿಕ್ಷಾದ ಮೇಲೆ ಮರ ಬಿದ್ದ ಸುದ್ದಿ ಪ್ರತಿವರ್ಷದ್ದು. ಚಂಡಮಾರುತ ತೌಕ್ತೆ 2021ರ ಮೇ 17ರಂದು ಮುಂಬಯಿ ಕಡಲಾಚೆ ಹಾದುಹೋದಾಗ ಮಳೆಗಾಲಕ್ಕೂ ಮುಂಚೆಯೇ ಇಡೀ ಮಹಾನಗರ ಪ್ರದೇಶದಲ್ಲಿ ಮರಗಳು ಸಾಲಾಗಿ ಉರುಳಿದವು. ಬಿದ್ದ ಮರದ ಬುಡವನ್ನು ಗಮನಿಸಿದವರು ಬೇರು ಇಷ್ಟೇ ಇತ್ತೇ ಎಂದು ಬೆರಗಾಗುತ್ತಾರೆ. ಮಡಾಗಾಸ್ಕರಿನಿಂದ ಬಂದ ಗುಲ್‌ಮೊಹರಿಗೆ ಅದರಿಂದಲೇ ಕೆಟ್ಟ ಹೆಸರು ಬಂದಿದೆ: ಬೇರು ಮೇಲೆಯೇ, ಕೊಂಬೆ ಪೆಡಸು. ಜಾತಿಯ ದೋಷ ಸ್ವಲ್ಪ ಇರುವುದು ನಿಜ. ಆದರೆ ತಪ್ಪಿನ ದೊಡ್ಡ ಪಾಲನ್ನು ನೆಲಕ್ಕೂ ಗುದ್ದಲಿಗೂ ಹಾಕಬೇಕು.

ಮರ ನಿಲ್ಲುವುದು ಬುಡದ ಸುತ್ತಲಿನ ಬೇರಿನ ತಟ್ಟೆಯ ಅಗಲದಿಂದ. ಬ್ರಿಟಿಷ್ ಮಾನದಂಡ 5837ರ ಪ್ರಕಾರ ಮರವೊಂದರ ಸುತ್ತ ಅಗೆಯಬಾರದ ವೃತ್ತದ ತ್ರಿಜ್ಯ ಕಾಂಡದ ವ್ಯಾಸದ 12 ಪಟ್ಟು. ಕಾಂಡ 50 ಸೆಂಟಿಮೀಟರ್ ದಪ್ಪವಿದ್ದರೆ ತ್ರಿಜ್ಯ 6 ಮೀಟರ್, ಅಂದರೆ ಸುಮಾರು 113 ಚದರ ಮೀಟರ್ ನೆಲ. ಫುಟ್‌ಪಾತಿನಲ್ಲಿ ಅದೇ ಮರಕ್ಕೆ ಬಿಟ್ಟ ಚೌಕ ಹೆಚ್ಚೆಂದರೆ ಒಂದು ಚದರ ಮೀಟರ್. ಉಳಿದದ್ದರ ಮೇಲೆ ಕಾಂಕ್ರೀಟ್, ಪೇವರ್ ಬ್ಲಾಕ್. ಒಂದು ಪಕ್ಕ ಗಟಾರ, ಇನ್ನೊಂದು ಪಕ್ಕ ಕೇಬಲ್ಲಿನ ಕಂದಕ. ಕಂದಕ ತೋಡುವವರು ಅಡ್ಡ ಬಂದ ಬೇರನ್ನು ನೇರ ಕಡಿಯುತ್ತಾರೆ. ಮರ ಆ ವರ್ಷ ಏನೂ ಆಗದಂತೆ ಹಸಿರಾಗಿಯೇ ಇರುತ್ತದೆ; ಕಡಿದ ತುದಿಯಿಂದ ಕೊಳೆತ ಒಳಸೇರಿ ಕೆಲವು ಮಳೆಗಾಲಗಳ ನಂತರ ಒಂದು ರಾತ್ರಿ ಉರುಳುತ್ತದೆ. ಆಗ ಗುತ್ತಿಗೆದಾರನ ಹೆಸರು ಯಾರಿಗೂ ನೆನಪಿರುವುದಿಲ್ಲ, ಗುಲ್‌ಮೊಹರಿನ ಹೆಸರು ನೆನಪಿರುತ್ತದೆ.

ಜುಲೈ ತಿಂಗಳಲ್ಲಿ ನೆನೆದ ಮಣ್ಣಿನ ಹಿಡಿತ ಸಡಿಲ, ನೀರು ಹೊತ್ತ ಹಂದರ ಭಾರ. ಒಂದೇ ಬದಿಯ ಕೊಂಬೆ ಕಡಿದಿದ್ದರೆ ತೂಕ ಇನ್ನೊಂದು ಬದಿಗೆ. ಇವು ಮೂರೂ ಕೂಡಿದಾಗ ಬೀಳುವುದು ಸಹಜ. ಮಳೆಮರದ ಹಂದರ ಅಗಲವಾದ್ದರಿಂದ ಬೇರಿಗೂ ಅಷ್ಟೇ ಜಾಗ ಬೇಕು. ಇಕ್ಕಟ್ಟಿನ ರಸ್ತೆಗೆ ಅದು ತಕ್ಕದ್ದಲ್ಲ. ತೆಂಗಿಗೆ ತಾಯಿಬೇರಿಲ್ಲ, ಬುಡದಿಂದ ಸಾವಿರಾರು ಸಮದಪ್ಪದ ಬೇರುಗಳು ಹೊರಟು ಹೆಚ್ಚಿನವು ಮೇಲಿನ ಒಂದೂವರೆ ಮೀಟರಿನೊಳಗೇ ಇರುತ್ತವೆ, ಆದರೂ ಬಗ್ಗುವ ಕಾಂಡ ಮತ್ತು ಬೇರಿನ ದಟ್ಟ ಗೊಂಚಲು ಅದನ್ನು ಕಾಪಾಡುತ್ತವೆ. ಬೇವು, ಬಕುಳ, ನೇರಳೆ, ಹೊಂಗೆಗಳನ್ನು ಎಳೆಯ ಸಸಿಯಾಗಿ ನೆಟ್ಟರೆ ತಾಯಿಬೇರು ಇಳಿಯುವ ಅವಕಾಶ ಹೆಚ್ಚು. ಪ್ಲಾಸ್ಟಿಕ್ ಚೀಲದಲ್ಲಿ ವರ್ಷಗಟ್ಟಲೆ ಇಟ್ಟು ಆಳೆತ್ತರ ಮಾಡಿದ ಸಸಿಯ ಬೇರು ಸುರುಳಿ ಸುತ್ತಿಕೊಂಡಿರುತ್ತದೆ. ನೆಟ್ಟ ಮೇಲೂ ಆ ಸುರುಳಿ ಬಿಚ್ಚುವುದಿಲ್ಲ. ಉದ್ಘಾಟನೆಯ ಫೋಟೋಗೆ ಎತ್ತರದ ಸಸಿ ಚೆಂದ, ಮರಕ್ಕೆ ಚಿಕ್ಕದೇ ಒಳ್ಳೆಯದು.

ಗೋಡೆ, ಕೊಳವೆ, ಪಾಯ

ಡೊಂಬಿವಲಿಯ ನಲವತ್ತು ಐವತ್ತು ವರ್ಷ ಹಳೆಯ ಕಟ್ಟಡಗಳ ಛಜ್ಜಾದಲ್ಲಿ, ಕಲ್ಯಾಣದ ಹಳೆಯ ಕಲ್ಲುಗೋಡೆಗಳಲ್ಲಿ ಅರಳಿ ಸಸಿ ಕಾಣದ ಬೀದಿಯಿಲ್ಲ. ಕಾಗೆ, ಕೋಗಿಲೆ, ಕುಟ್ರುಹಕ್ಕಿ ಹಣ್ಣು ತಿಂದು ಹಾಕಿದ ಬೀಜ ಪ್ಲಾಸ್ಟರಿನ ಸೀಳಿನಲ್ಲಿ ಮೊಳೆಯುತ್ತದೆ. ಅದರ ಬೇರಿಗೆ ಮಣ್ಣು ಬೇಕಿಲ್ಲ. ಸೋರುವ ಪೈಪಿನ ತೇವ ಸಾಕು. ಕೂದಲಿನಷ್ಟು ಬೇರು ಸಂದಿನಲ್ಲಿ ಇಳಿದು, ಆಮೇಲೆ ದಪ್ಪವಾಗುತ್ತ ಗೋಡೆಯನ್ನು ಅಗಲಿಸುತ್ತದೆ. ಮೇಲಿನ ಸಸಿಯನ್ನಷ್ಟೇ ಕತ್ತರಿಸಿದರೆ ಮುಂದಿನ ಮಳೆಗೆ ಮತ್ತೆ ಚಿಗುರುತ್ತದೆ. ಸೋರಿಕೆ ನಿಲ್ಲಿಸಿ, ಬೇರನ್ನು ಪೂರ್ತಿ ತೆಗೆದು ಸಂದು ತುಂಬುವುದೇ ದಾರಿ, ಅದನ್ನೂ ಸಸಿ ಬೆರಳುದ್ದ ಇರುವಾಗಲೇ ಮಾಡಬೇಕು.

ಕೊಳವೆಯ ಮಾತೂ ಹೀಗೆಯೇ. ಗಟ್ಟಿ ಪೈಪನ್ನು ಬೇರು ಒಡೆದು ನುಗ್ಗುವುದಿಲ್ಲ. ಜಾಯಿಂಟ್ ಸಡಿಲವಾಗಿ ನೀರು ಸೋರಿದಲ್ಲಿ ಸೇರಿಕೊಂಡು, ಒಳಗೆ ಕವಲೊಡೆದು ಕಟ್ಟಿಕೊಳ್ಳುತ್ತದೆ. ಆರ್‌ಸಿಸಿ ಕಟ್ಟಡದ ಕಂಬಗಳು ಮುರಮ್ ದಾಟಿ ಬಂಡೆಗೋ ಪೈಲಿಗೋ ಊರಿರುವುದರಿಂದ ಅಂಗಳದ ಮರದ ಬೇರು ಪಾಯವನ್ನೇ ಎತ್ತಿತೆಂಬ ದೂರು ಹೆಚ್ಚಿನ ಸಲ ನಿಲ್ಲುವುದಿಲ್ಲ. ಕಾಂಪೌಂಡ್ ಗೋಡೆ, ಅಂಗಳದ ಟೈಲ್ಸ್, ಸೆಪ್ಟಿಕ್ ಟ್ಯಾಂಕಿನ ಮುಚ್ಚಳದ ಮಾತು ಬೇರೆ; ಅವು ಬೇರಿನ ಮಟ್ಟದಲ್ಲೇ ಇವೆ, ಏಳುತ್ತವೆ.

ಅಳತೆ ಮತ್ತು ಕಾನೂನು

ಬೇರಿನ ಆಳ ತಿಳಿಯಲು ಹಿಂದೆ ಗುಂಡಿ ತೋಡುವುದೊಂದೇ ಉಪಾಯವಿತ್ತು. ಈಗ ಒತ್ತಡದ ಗಾಳಿಯಿಂದ ಬೇರಿಗೆ ಗಾಯವಾಗದಂತೆ ಮಣ್ಣು ಹಾರಿಸುವ ಉಪಕರಣಗಳಿವೆ. ನೆಲದೊಳಗೆ ರೇಡಾರ್ ಅಲೆ ಕಳಿಸಿ ದಪ್ಪ ಬೇರುಗಳನ್ನು ಗುರುತಿಸುತ್ತಾರೆ. ಜೇಡಿ ಮತ್ತು ಉಪ್ಪುನೀರಿನಲ್ಲಿ ರೇಡಾರ್ ಅಲೆ ಬೇಗ ಅಡಗುವುದರಿಂದ ಖಾಡಿ ಬದಿಯಲ್ಲಿ ಅದರ ಪ್ರಯೋಜನ ಕಡಿಮೆ. ಮರದ ನೀರಿನಲ್ಲಿರುವ ಆಮ್ಲಜನಕ, ಜಲಜನಕದ ಐಸೊಟೋಪುಗಳನ್ನು ಬೇರೆ ಬೇರೆ ಆಳದ ಮಣ್ಣಿನ ನೀರಿನೊಂದಿಗೆ ಹೋಲಿಸಿ ಮರ ಎಲ್ಲಿಂದ ಕುಡಿಯುತ್ತಿದೆ ಎಂದು ಕಂಡುಹಿಡಿಯುವ ವಿಧಾನವೂ ಬಳಕೆಯಲ್ಲಿದೆ.

ರಾಷ್ಟ್ರೀಯ ಹಸಿರು ನ್ಯಾಯಮಂಡಳಿ 2013ರಲ್ಲಿ ದೆಹಲಿಯ ಮರಗಳ ಬುಡದ ಸುತ್ತ ಒಂದು ಮೀಟರ್ ಜಾಗದ ಕಾಂಕ್ರೀಟ್ ಕಿತ್ತುಹಾಕಲು ಆದೇಶಿಸಿತು. ಬೇರೆ ನಗರಗಳಲ್ಲೂ ಇಂಥ ಬೇಡಿಕೆಗೆ ಅದೇ ಆಧಾರವಾಗಿದೆ. ಬೇರಿನ ಲೆಕ್ಕದಲ್ಲಿ ಒಂದು ಮೀಟರ್ ಬಹಳ ಕಡಿಮೆ, ಆದರೆ ಇಲ್ಲದ್ದಕ್ಕಿಂತ ಮೇಲು. ಈ ನಾಲ್ಕೂ ಊರುಗಳಿಗೆ ಅನ್ವಯಿಸುವುದು ಮಹಾರಾಷ್ಟ್ರದ 1975ರ ನಗರಪ್ರದೇಶ ವೃಕ್ಷ ಸಂರಕ್ಷಣಾ ಕಾಯ್ದೆ. ಇದರ 2021ರ ತಿದ್ದುಪಡಿ ಐವತ್ತು ವರ್ಷ ದಾಟಿದ ಮರವನ್ನು ಪಾರಂಪರಿಕ ವೃಕ್ಷವೆಂದು ಕರೆದು, ಕಡಿದ ಮರದ ವಯಸ್ಸಿನಷ್ಟು ಸಸಿ ನೆಡಬೇಕೆಂದು ವಿಧಿಸಿದೆ. ಕಾಯ್ದೆಯ ವ್ಯಾಖ್ಯೆಯಲ್ಲಿ ಮರ ಕಡಿಯುವುದು ಎಂದರೆ ಸುಡುವುದು, ಕತ್ತರಿಸುವುದು, ಯಾವುದೇ ರೀತಿಯಲ್ಲಿ ಮರಕ್ಕೆ ಹಾನಿ ಮಾಡುವುದು ಎಲ್ಲವೂ ಸೇರುತ್ತದೆ. ಅಂಗಳಕ್ಕೆ ಪೇವರ್ ಹಾಕಿಸುವ ಸೊಸೈಟಿಯಾಗಲಿ ಕೇಬಲ್ ಎಳೆಯುವ ಗುತ್ತಿಗೆದಾರರಾಗಲಿ ದಪ್ಪ ಬೇರನ್ನು ಕತ್ತರಿಸುವ ಮೊದಲು ಮಹಾನಗರಪಾಲಿಕೆಯ ವೃಕ್ಷ ಪ್ರಾಧಿಕಾರದ ಬಾಗಿಲು ತಟ್ಟಬೇಕಾದದ್ದು ಈ ಕಾರಣಕ್ಕೆ.